ಪಾದ್ರಿ ಬಿಯೋನರ 68 ಮಕ್ಕಳು

ಮಂಗಳೂರಿನ ಬೋಳಾರದಲ್ಲಿ ಈಗ ಆವೆಮಣ್ಣು ಬೇಕೆಂದರೆ ದುಡ್ಡು ಕೊಟ್ಟು ತರಿಸಬೇಕು. ಇಲ್ಲಿನ ಸಭಾಂಗಣವೊಂದರಲ್ಲಿ ನಡೆಯುತ್ತಿದ್ದ ಬೇಸಿಗೆ ಶಿಬಿರಕ್ಕೆ ಇಣುಕಿದಾಗ ನೆಲಕ್ಕೆ ಹಾಸಿದ ಪ್ಲಾಸ್ಟಿಕ್ ಹಾಳೆಯ ಮೇಲೆ ಮಣ್ಣಿನ ಮುದ್ದೆಗಳು ಸಾಲಾಗಿ ಕೂತಿದ್ದವು. ಮಕ್ಕಳು ಗಣಪತಿ, ಆಮೆ, ಒಂದಿಬ್ಬರು ಮೊಬೈಲ್ ಫೋನನ್ನೂ ಮಾಡುತ್ತಿದ್ದರು. ಒಬ್ಬ ಹುಡುಗ ಅಂಗೈ ಮೂಸಿ, 'ಸರ್, ಇದಕ್ಕೆ ಪರಿಮಳ ಉಂಟು' ಎಂದ. ಎಲ್ಲಿಯ ಮಣ್ಣೆಂದು ಕಲಿಸಲು ಬಂದಿದ್ದ ಯುವಕನನ್ನು ವಿಚಾರಿಸಿದೆ. 'ಕುಂಬಾರರ ಕೈಯಿಂದ ತರಿಸಿದ್ದು. ಚೀಲಕ್ಕೆ ಇಷ್ಟು ಅಂತ ಲೆಕ್ಕ' ಎಂದರು.

ಅಲ್ಲಿಂದ ನೇತ್ರಾವತಿಗೆ ಹೆಚ್ಚು ದೂರವಿಲ್ಲ. ಒಂದು ಕಾಲಕ್ಕೆ ಇದೇ ದಂಡೆಗೆ ದೋಣಿಗಟ್ಟಲೆ ಆವೆಮಣ್ಣು ಬಂದು ಬೀಳುತ್ತಿತ್ತು. ಹೊಯಿಗೆ ಬಜಾರಿನಿಂದ ಜೆಪ್ಪುವಿನ ತನಕ ಹಂಚಿನ ಕಾರ್ಖಾನೆಗಳ ಚಿಮಣಿಗಳು. ಊರಿನ ಗಡಿಯಾರವೆಂದರೆ ಕಾರ್ಖಾನೆಯ ಸೈರನ್. ಯಕ್ಷಗಾನದವರಿಗೆ ಬೋಳಾರ ಎಂದರೆ ನಾರಾಯಣ ಶೆಟ್ಟರು, ತುಳು ನಾಟಕ–ಸಿನಿಮಾ ನೋಡುವವರಿಗೆ ಅರವಿಂದ ಬೋಳಾರ್. ಉಳಿದವರಿಗೆ ಮಾರಿಯಮ್ಮ, ಪಕ್ಕದ ಮಂಗಳಾದೇವಿ, ಮತ್ತು ಹಂಚು. ಈಗ ಹಂಚು ಹೋಗಿದೆ. ಮಾರ್ಚ್ ಕೊನೆಗೆ ಸರಿಯಾಗಿ ಸಮ್ಮರ್ ಕ್ಯಾಂಪಿನ ಫ್ಲೆಕ್ಸ್‌ಗಳು ಏಳುತ್ತವೆ.

ಈ ಶಿಬಿರ ಎಂಬುದು ಎಲ್ಲಿ ಹುಟ್ಟಿತೆಂದು ಹುಡುಕಹೊರಟರೆ ಎಲ್ಲರೂ ಕೈ ತೋರಿಸುವುದು ಅಮೆರಿಕದತ್ತ. ಅಲ್ಲಿ ಅಂತರ್ಯುದ್ಧ ಶುರುವಾದ 1861ರಲ್ಲಿ ಕನೆಟಿಕಟ್ ರಾಜ್ಯದ ಫ್ರೆಡರಿಕ್ ಗನ್ ಎಂಬ ಮಾಸ್ಟ್ರು ತಮ್ಮ ವಸತಿಶಾಲೆಯ ಹುಡುಗರನ್ನು ಸೈನಿಕರ ಹಾಗೆ ನಡೆಸಿಕೊಂಡು ಸಮುದ್ರದಂಚಿನ ಮಿಲ್‌ಫರ್ಡಿಗೆ ಹೋದರು. ಎರಡು ವಾರ ಡೇರೆಯಲ್ಲಿ ವಾಸ. ದೋಣಿ, ಮೀನು, ಈಜು. ಚಂದದ ಕಥೆಯೇ. ಆದರೆ ಅವರು ಮೊದಲೇ ಫೀಸು ಕಟ್ಟಿ ಓದಿಸುತ್ತಿದ್ದವರ ಮಕ್ಕಳು, ಮನೆಯಲ್ಲಿ ಇದ್ದಿದ್ದರೂ ಅವರ ರಜೆ ಹಾಳಾಗುತ್ತಿರಲಿಲ್ಲ. ನನ್ನನ್ನು ಹಿಡಿದಿಟ್ಟದ್ದು ಅದಕ್ಕೆ 15 ವರ್ಷ ಕಳೆದ ಮೇಲೆ ನಡೆದ ಇನ್ನೊಂದು ಸಂಗತಿ.

ಹರ್ಮನ್ ವಾಲ್ಟರ್ ಬಿಯೋನ್ ಎಂಬ ಪಾದ್ರಿ ಸ್ವಿಟ್ಜರ್ಲೆಂಡಿನ ಅಪೆನ್‌ಜೆಲ್ ಬೆಟ್ಟಸೀಮೆಯ ಟ್ರೋಗನ್‌ನಲ್ಲಿದ್ದವರು. 1873ರಲ್ಲಿ ಜೂರಿಕ್ ನಗರದ ಚರ್ಚಿಗೆ ಬಂದರು. ಬೆಟ್ಟದ ಗಾಳಿಯಲ್ಲಿ ಬೆಳೆದಿದ್ದ ಅವರ ಮಕ್ಕಳು ಪೇಟೆಗೆ ಬಂದು ಸೊರಗಿದವು. ರಜೆಯಲ್ಲಿ ಹಳೆಯ ಊರಿಗೆ ಹೋಗಿ ಬಂದರೆ ಮತ್ತೆ ಚಿಗುರುತ್ತಿದ್ದವು. ಇದನ್ನು ಯಾವ ಅಪ್ಪನೂ ಗಮನಿಸಿಯಾನು. ಬಿಯೋನ್ ಒಂದು ಹೆಜ್ಜೆ ಮುಂದೆ ಹೋದರು: ತನ್ನ ಮಕ್ಕಳಿಗೇನೋ ಹೋಗಲು ಬೆಟ್ಟದ ಊರಿದೆ, ಕೂಲಿಕಾರರ ಓಣಿಯ ಮಕ್ಕಳು ಎಲ್ಲಿಗೆ ಹೋಗಬೇಕು? 1876ರ ಬೇಸಿಗೆಯಲ್ಲಿ ಪತ್ರಿಕೆಯಲ್ಲಿ ಮನವಿ ಹಾಕಿಸಿ, ಚಂದಾ ಎತ್ತಿ, ನಗರದ 68 ಬಡ ಮಕ್ಕಳನ್ನು ಶಿಕ್ಷಕ–ಶಿಕ್ಷಕಿಯರ ಜೊತೆ ಎರಡು ವಾರ ಅಪೆನ್‌ಜೆಲ್‌ಗೆ ಕಳಿಸಿದರು. ಅಲ್ಲಿ ಕ್ರಾಫ್ಟ್ ಇರಲಿಲ್ಲ, ವ್ಯಕ್ತಿತ್ವ ವಿಕಸನವೂ ಇರಲಿಲ್ಲ. ಹೊಟ್ಟೆ ತುಂಬ ತಿನ್ನುವುದು, ನಡೆಯುವುದು, ಆಡುವುದು, ಮಲಗುವುದು. ಮರ್ಯಾದಸ್ಥರಾದ ಆ ನಗರದವರು ಫಲಿತಾಂಶವನ್ನು ಕಂಡು ಕಿಸೆಗೆ ಕೈ ಹಾಕಿದರು. ಪದ್ಧತಿ ಜರ್ಮನಿ, ಫ್ರಾನ್ಸ್‌ಗೆ ಹಬ್ಬಿತು. ಅದರೊಂದಿಗೇ ಮಕ್ಕಳನ್ನು ಹೊರಡುವಾಗ ಒಮ್ಮೆ, ಹಿಂತಿರುಗಿದ ಮೇಲೆ ಒಮ್ಮೆ ತೂಗುವ ವಾಡಿಕೆಯೂ ಬೆಳೆಯಿತು. ಶಿಬಿರದಿಂದ ಏನು ಲಾಭವೆಂದು ದಾನಿಗಳು ಕೇಳಿದರೆ ತಕ್ಕಡಿಯ ಲೆಕ್ಕ ತೋರಿಸಿದರಾಯಿತು.

ಈಗ ಸ್ವಲ್ಪ ಜೆಪ್ಪುವಿಗೆ ಬನ್ನಿ. ಅದೇ ಸ್ವಿಟ್ಜರ್ಲೆಂಡಿನ ಬಾಸೆಲ್ ಮಿಷನ್ 1834ರಿಂದ ಮಂಗಳೂರಿನಲ್ಲಿತ್ತು. ಅವರು ಮುದ್ರಣ ತಂದರು, ಮಗ್ಗ ತಂದರು; 1865ರಲ್ಲಿ ಜಾರ್ಜ್ ಪ್ಲೆಬ್ಸ್ಟ್ ಜೆಪ್ಪುವಿನಲ್ಲಿ ಹಂಚಿನ ಕಾರ್ಖಾನೆ ಶುರುಮಾಡಿದರು. ಬೇರೆಯವರೂ ಅದನ್ನು ನೋಡಿ ಕಲಿತರು, ಮಂಗಳೂರು ಹಂಚು ಕಡಲು ದಾಟಿತು. ಬಿಯೋನರ ಯೋಚನೆ ಮಾತ್ರ ಆ ಹಡಗುಗಳಲ್ಲಿ ಬರಲಿಲ್ಲ. 1877ರಲ್ಲಿ, ಅಂದರೆ ಆ 68 ಮಕ್ಕಳು ಬೆಟ್ಟಕ್ಕೆ ಹೋಗಿ ಬಂದ ಮರುವರ್ಷ, ಸ್ವಿಟ್ಜರ್ಲೆಂಡ್ 14 ವರ್ಷದೊಳಗಿನವರನ್ನು ಕಾರ್ಖಾನೆಗೆ ಸೇರಿಸಬಾರದೆಂದು ಕಾನೂನು ಮಾಡಿತು. ಬ್ರಿಟಿಷ್ ಭಾರತದ 1881ರ ಫ್ಯಾಕ್ಟರಿ ಕಾಯ್ದೆ ಬೇಡವೆಂದದ್ದು ಏಳು ತುಂಬದವರನ್ನು ಮಾತ್ರ. ಏಳರಿಂದ ಹನ್ನೆರಡರವರು ದಿನಕ್ಕೆ ಒಂಬತ್ತು ಗಂಟೆ ದುಡಿಯಬಹುದಿತ್ತು. ಅದೂ ಯಂತ್ರಶಕ್ತಿಯಿಂದ ನಡೆಯುವ, ನೂರು ಜನರಿರುವ ಕಾರ್ಖಾನೆಗಳಿಗಷ್ಟೇ ಲಾಗೂ. ಅದಕ್ಕಿಂತ ಚಿಕ್ಕವನ್ನು ಕೇಳುವವರೇ ಇರಲಿಲ್ಲ. 1891ರಲ್ಲಿ ವಯಸ್ಸು ಒಂಬತ್ತಕ್ಕೇರಿ, ದುಡಿಮೆ ಏಳು ಗಂಟೆಗಿಳಿಯಿತು. ಜೂರಿಕ್‌ನಲ್ಲಿ ಬೆಟ್ಟಕ್ಕೆ ಕಳಿಸುವ ಪ್ರಾಯದ ಮಗುವನ್ನು ನಮ್ಮಲ್ಲಿ ಕೆಲಸಕ್ಕೆ ಕಳಿಸಲು ಸರ್ಕಾರದ ಒಪ್ಪಿಗೆಯಿತ್ತು.

ಇದನ್ನು ಇಷ್ಟು ಎಳೆದು ಹೇಳಲು ಕಾರಣವಿದೆ. ಪ್ರತಿ ಏಪ್ರಿಲ್‌ನಲ್ಲಿ ಒಬ್ಬರಲ್ಲ ಒಬ್ಬರು, ಶಿಬಿರಗಳು ಬಂದು ಅಜ್ಜಿಮನೆ ಹೋಯಿತು ಎಂದು ಬರೆಯುತ್ತಾರೆ. ಗೇರುಹಣ್ಣು, ಹಲಸಿನ ಹಪ್ಪಳ, ಗದ್ದೆಯಲ್ಲಿ ಬಯಲಾಟ, ಪತ್ತನಾಜೆಗೆ ಮೇಳದವರು ಗೆಜ್ಜೆ ಬಿಚ್ಚುವ ತನಕ ನಿದ್ದೆಗೆಟ್ಟ ರಾತ್ರಿಗಳು. ನನಗೂ ಇವೆಲ್ಲ ಸಿಕ್ಕಿದವು, ನೆನೆದರೆ ಈಗಲೂ ಬಾಯಲ್ಲಿ ನೀರೂರುತ್ತದೆ. ಆದರೆ ಅಜ್ಜಿಮನೆಗೆ ತೋಟ ಬೇಕು, ಅಜ್ಜಿಗೆ ಪುರುಸೊತ್ತು ಬೇಕು. ಹಂಚು ಹೊರುವವಳ ಮಗಳಿಗೆ ಅಜ್ಜಿಯೂ ಹಂಚೇ ಹೊರುತ್ತಿದ್ದಳು. ಬೇಸಿಗೆ ಎಂದರೆ ಎಲ್ಲರಿಗೂ ಮಾವಿನಮರ ಎಂಬುದು ಮಾವಿನಮರ ಇದ್ದವರು ಬರೆದ ಚರಿತ್ರೆ.

ನಮ್ಮ ಜಿಲ್ಲೆಯಲ್ಲಿ ರಜೆಗೂ ಶಾಲೆಗೂ ನಡುವೆ ಇನ್ನೊಂದು ಜಾಗ ಬೇಕೆಂದು ಹಟ ಹಿಡಿದವರು ಶಿವರಾಮ ಕಾರಂತರು. 1930ರ ದಶಕದಲ್ಲಿ ಪುತ್ತೂರಿನ ಪರ್ಲಡ್ಕದಲ್ಲಿ ಬಾಲವನ ಕಟ್ಟಿ, ಮಕ್ಕಳಿಗೆ ಪಾಠಪುಸ್ತಕ ಬಿಟ್ಟು ಉಳಿದದ್ದೆಲ್ಲ ಕೊಡುವ ಪ್ರಯೋಗ ನಡೆಸಿದರು. ಕುಣಿತ, ನಾಟಕ, ತಿರುಗಾಟ. ಮೂರು ಸಂಪುಟಗಳ 'ಬಾಲ ಪ್ರಪಂಚ' 1936ರದ್ದು. ಮಕ್ಕಳಿಗಾಗಿ ಒಬ್ಬನೇ ಕೂತು ವಿಶ್ವಕೋಶ ಬರೆಯುವ ಹುಚ್ಚು ಅವರಿಗಲ್ಲದೆ ಇನ್ನಾರಿಗೆ ಬಂದೀತು? ಶಾಲೆಯ ಪ್ರಯೋಗ ಹೆಚ್ಚು ಕಾಲ ಬಾಳಲಿಲ್ಲ. ಶಾಲೆಯನ್ನು ಬೈಯುವ ಅಪ್ಪ–ಅಮ್ಮಂದಿರು ಮಗುವನ್ನು ಶಾಲೆಯಿಂದ ಬಿಡಿಸಿ ಕಳಿಸುವಷ್ಟು ಬೈಯುವುದಿಲ್ಲ. ಬಾಲವನದಲ್ಲಿ ಈಗ ಈಜುಕೊಳವಿದೆ. ಅಲ್ಲಿ ಈಜು ಕಲಿತ ಪುತ್ತೂರಿನ ಮಕ್ಕಳು ಪದಕ ಗೆದ್ದ ಸುದ್ದಿ ಆಗಾಗ ಬರುತ್ತದೆ. ಕಾರಂತರಿಗೆ ಪದಕದ ವಿಷಯದಲ್ಲಿ ಏನನ್ನಿಸುತ್ತಿತ್ತೋ, ನೀರಿನ ವಿಷಯದಲ್ಲಿ ತಕರಾರು ಇರುತ್ತಿರಲಿಲ್ಲ.

ಇನ್ನೊಬ್ಬ ಕಾರಂತರೂ ಇದೇ ಜಿಲ್ಲೆಯವರು. ಬಂಟ್ವಾಳ ತಾಲೂಕಿನ ಮಂಚಿಯ ಬಾಬುಕೋಡಿ ವೆಂಕಟರಮಣ ಕಾರಂತ, ಎಳೆಯದರಲ್ಲೇ ಶಾಲೆಯಲ್ಲಿ ಕುವೆಂಪು ಅವರ 'ನನ್ನ ಗೋಪಾಲ'ದಲ್ಲಿ ಬಣ್ಣ ಹಚ್ಚಿ, ಆಮೇಲೆ ಮನೆ ಬಿಟ್ಟು ಓಡಿ ಗುಬ್ಬಿ ಕಂಪನಿ ಸೇರಿದ ಹುಡುಗ. 1969ರಿಂದ ಕೆಲವು ವರ್ಷ ದೆಹಲಿಯ ಸರ್ದಾರ್ ಪಟೇಲ್ ವಿದ್ಯಾಲಯದಲ್ಲಿ ಮಕ್ಕಳಿಗೆ ನಾಟಕ ಕಲಿಸಿದರು. ಟ್ಯಾಗೋರರ ಗಿಳಿಯ ಕಥೆಯಿಂದ ಎದ್ದ ಅವರ 'ಪಂಜರ ಶಾಲೆ' ಎಷ್ಟು ಶಿಬಿರಗಳ ಸಮಾರೋಪದಲ್ಲಿ ಆಡಿಲ್ಲ! ಗಿಳಿಗೆ ಪುಸ್ತಕ ತುರುಕಿ ತುರುಕಿ ಸಾಯಿಸುವ ನಾಟಕವನ್ನು ನೋಡಿ ಚಪ್ಪಾಳೆ ಹೊಡೆದ ಪೋಷಕರು ಮರುದಿನವೇ ಟ್ಯೂಷನ್ನಿಗೆ ಹೆಸರು ಬರೆಸುತ್ತಾರೆ, ಅದು ಬೇರೆ ಮಾತು. 1979ರಲ್ಲಿ, ವಿಶ್ವಸಂಸ್ಥೆ ಮಕ್ಕಳ ವರ್ಷವೆಂದು ಸಾರಿದಾಗ, ಅವರ ಪತ್ನಿ ಪ್ರೇಮಾ ಕಾರಂತರು ಬೆಂಗಳೂರಿನಲ್ಲಿ ಬೆನಕ ಮಕ್ಕಳ ಕೇಂದ್ರ ತೆರೆದರು. 1989ರಲ್ಲಿ ಬಿ.ವಿ. ಕಾರಂತರು ಮೈಸೂರಿನಲ್ಲಿ ರಂಗಾಯಣ ಕಟ್ಟಿದರು. ಮುಂದೆ ಅಲ್ಲಿ ಬೆಳೆದ ಚಿಣ್ಣರ ಮೇಳವೆಂಬ ಬೇಸಿಗೆ ಶಿಬಿರದ ಅರ್ಜಿಗೆ ಅಪ್ಪಂದಿರು ನಸುಕಿನಲ್ಲೇ ಸರತಿ ನಿಂತ ಸುದ್ದಿ ಪೇಪರಿನಲ್ಲಿ ಬರುವಂತಾಯಿತು.

ಕನ್ನಡದ ಬೇಸಿಗೆ ಶಿಬಿರ ಗನ್ ಮಾಸ್ಟ್ರ ಡೇರೆಯಿಂದಾಗಲೀ ಬಿಯೋನರ ಬೆಟ್ಟದಿಂದಾಗಲೀ ಬಂದದ್ದಲ್ಲ, ರಂಗಭೂಮಿಯ ಹೊಟ್ಟೆಯಲ್ಲಿ ಹುಟ್ಟಿದ್ದು ಎಂದು ನಾನು ಹೇಳುವುದು ಇದಕ್ಕೇ. ಹೆಗ್ಗೋಡಿನ ನೀನಾಸಂ ರಂಗಶಿಕ್ಷಣ ಕೇಂದ್ರ 1980ರಲ್ಲಿ ಆರಂಭವಾಯಿತು. ಅಲ್ಲಿ ಕಲಿತು ಹೊರಬಿದ್ದವರು ವರ್ಷವಿಡೀ ನಾಟಕವನ್ನೇ ನೆಚ್ಚಿ ಉಣ್ಣುವುದು ಕಷ್ಟ. ಏಪ್ರಿಲ್–ಮೇ ತಿಂಗಳ ಮಕ್ಕಳ ಶಿಬಿರಗಳು ಅವರ ಅನ್ನ. ಸುಳ್ಯದ ರಂಗಮನೆಯಂಥ ಜಾಗಗಳು ಹಾಗೆ ಹೆಸರಾದವು. ವೈದೇಹಿಯವರ 'ನಾಯಿಮರಿ ನಾಟಕ', 'ಧಾಂ ಧೂಂ ಸುಂಟರಗಾಳಿ'ಗಳಿಗೆ ವರ್ಷ ವರ್ಷ ಹೊಸ ನಟರು ಸಿಗುವುದೂ ಹಾಗೆಯೇ. ಚರ್ಚ್ ಹಾಲ್‌ಗಳಲ್ಲಿ ನಡೆಯುವ ವಿ.ಬಿ.ಎಸ್. ಮಾತ್ರ ಬೇರೆ ದಾರಿಯಿಂದ ಬಂತು: 1898ರಲ್ಲಿ ನ್ಯೂಯಾರ್ಕಿನ ಹಾಸ್ ಎಂಬ ಮಹಿಳೆ ಬೀದಿ ಮಕ್ಕಳಿಗಾಗಿ ಬಿಯರ್ ಅಂಗಡಿಯ ಹಾಲನ್ನೇ ಬಾಡಿಗೆಗೆ ಹಿಡಿದು ರಜೆಯ ಬೈಬಲ್ ಶಾಲೆ ನಡೆಸಿದರು. ಹಾಲ್ ಬಾಡಿಗೆಯ ತಲೆನೋವು ಇಂದು ನಿನ್ನೆಯದಲ್ಲ.

ಬಾಡಿಗೆ ಎಂದಾಗ ವ್ಯಾಪಾರದ ಮಾತಿಗೇ ಬರೋಣ. 40 ಮಕ್ಕಳು, ತಲಾ 2,500 ರೂಪಾಯಿ, ಹತ್ತು ದಿನ ಎಂದಿಟ್ಟುಕೊಳ್ಳಿ. ಕೈಗೆ ಬರುವುದು ಒಂದು ಲಕ್ಷ. ಹಾಲ್, ಕರೆಂಟು, ನಾಲ್ಕು ಮಂದಿ ಸಂಪನ್ಮೂಲ ವ್ಯಕ್ತಿಗಳ ಸಂಭಾವನೆ, ಬಣ್ಣ–ಕಾಗದ–ಅಂಟು, ಹತ್ತೂವರೆಯ ಅವಲಕ್ಕಿ ಶರಬತ್ತು, ಟೀ ಶರ್ಟು, ಸಮಾರೋಪದ ಮೈಕು, ಅತಿಥಿಗಳ ಶಾಲು. ಪ್ರಾಮಾಣಿಕವಾಗಿ ನಡೆಸಿದರೆ ಉಳಿಯುವುದು ಚಿಲ್ಲರೆ. ಹಾಗಾಗಿಯೇ ಒಳ್ಳೆಯ ಶಿಬಿರಗಳು ಎರಡು ಮೂರು ವರ್ಷಕ್ಕೆ ನಿಲ್ಲುತ್ತವೆ. ಉಳಿಯುವುದು ಎರಡು ಬಗೆ: ದಾನಿಗಳಿರುವವು, ಮತ್ತು 80 ಮಕ್ಕಳನ್ನು ಒಂದೇ ಹಾಲಿಗೆ ತುಂಬಿ ಇಬ್ಬರ ಕೈಗೆ ಕೊಡುವವು. ತೆರಿಗೆಯ ತಮಾಷೆ ಬೇರೆ. ಜುಲೈ 2022ರ ನಂತರದ ನಿಯಮದಂತೆ ಕಲೆ–ಸಂಸ್ಕೃತಿಯನ್ನು ಒಬ್ಬ ವ್ಯಕ್ತಿ ಸ್ವಂತವಾಗಿ ಕಲಿಸಿದರೆ ಜಿಎಸ್‌ಟಿ ಇಲ್ಲ. ಅದೇ ಬಣ್ಣ, ಅದೇ ಬ್ರಷ್ಷು ಹಿಡಿದು ಸಂಸ್ಥೆಯೊಂದು ಕಲಿಸಿದರೆ, ವಹಿವಾಟು 20 ಲಕ್ಷ ದಾಟಿದ್ದರೆ, ಶೇ 18. ಕ್ರೀಡೆಯಾದರೆ ನೋಂದಾಯಿತ ಧರ್ಮಾರ್ಥ ಸಂಸ್ಥೆಗೆ ವಿನಾಯಿತಿ.

ಇಷ್ಟೆಲ್ಲ ಮಾಡಿ ಮಗುವಿಗೆ ದಕ್ಕುವುದೇನು? ಅಮೆರಿಕದ ಹ್ಯಾರಿಸ್ ಕೂಪರ್ ಮತ್ತು ಸಂಗಡಿಗರು ಹಳೆಯ ಅಧ್ಯಯನಗಳನ್ನೆಲ್ಲ ಒಟ್ಟುಹಾಕಿ 1996ರಲ್ಲಿ ಹೇಳಿದ್ದು: ಉದ್ದದ ರಜೆಯಲ್ಲಿ ಮಕ್ಕಳು ಸರಾಸರಿ ಒಂದು ತಿಂಗಳ ಕಲಿಕೆ ಮರೆಯುತ್ತಾರೆ, ಗಣಿತ ಹೆಚ್ಚು ಮರೆಯುತ್ತದೆ, ಓದಿನಲ್ಲಿ ಪೆಟ್ಟು ಬಡವರ ಮಕ್ಕಳಿಗೆ. ಆಮೇಲೆ ಈ ಲೆಕ್ಕವನ್ನೇ ಪ್ರಶ್ನಿಸಿದವರೂ ಇದ್ದಾರೆ. ನನಗೆ ಕಣ್ಣಿಗೆ ಕಂಡದ್ದು ಹೇಳುತ್ತೇನೆ. ಹತ್ತು ದಿನದಲ್ಲಿ ಯಾರೂ ಚಿತ್ರಕಾರರಾಗುವುದಿಲ್ಲ. ಆದರೆ ಇಂಗ್ಲಿಷ್ ಮೀಡಿಯಂ ಹುಡುಗಿಯೂ ಕನ್ನಡ ಶಾಲೆಯ ಹುಡುಗನೂ ಒಂದೇ ಚಾಪೆಯಲ್ಲಿ ಕೂತು ತುಳುವಿನಲ್ಲಿ ಜಗಳ ಮಾಡುವುದು ಬೋಳಾರದಲ್ಲಿ ಈಗ ಅಲ್ಲಿ ಮಾತ್ರ. ಇನ್ನೊಂದು ಈಜು. ಹೊಳೆಯಲ್ಲಿ ಬಿದ್ದು ಎದ್ದು ಈಜು ಕಲಿಯುತ್ತಿದ್ದ ಊರಿನ ಮಕ್ಕಳಿಗೆ ಈಗ ನೀರೆಂದರೆ ಭಯ. ಸಮೀಪದ ಎಮ್ಮೆಕೆರೆಯಲ್ಲಿ 2023ರ ನವೆಂಬರಿನಲ್ಲಿ ಅಂತರರಾಷ್ಟ್ರೀಯ ಮಟ್ಟದ ಈಜುಕೊಳ ತೆರೆಯಿತು, ಲೇಡಿಹಿಲ್ಲಿನ ಮಂಗಳಾ ಈಜುಕೊಳ ಮೊದಲೇ ಇತ್ತು. ನದಿ, ಕಡಲು ಎರಡೂ ಇರುವ ಊರಿನಲ್ಲಿ ಬೇಸಿಗೆಯ ಈಜು ತರಬೇತಿಗೆ ಕೊಟ್ಟ ದುಡ್ಡು ದಂಡವಲ್ಲ.

ಬಿಯೋನರ ಲೆಕ್ಕವನ್ನು, ಅಂದರೆ ಹೊಟ್ಟೆಯ ಲೆಕ್ಕವನ್ನು, ನಮ್ಮಲ್ಲಿ ಎತ್ತಿದ್ದು ನ್ಯಾಯಾಲಯ. ಬರಪೀಡಿತ ಪ್ರದೇಶಗಳಲ್ಲಿ ಬೇಸಿಗೆ ರಜೆಯಲ್ಲೂ ಮಕ್ಕಳಿಗೆ ಬಿಸಿಯೂಟ ಕೊಡಬೇಕೆಂದು ಸುಪ್ರೀಂ ಕೋರ್ಟ್ 2004ರ ಏಪ್ರಿಲ್‌ನಲ್ಲಿ ಆದೇಶಿಸಿತು. 2017ರ ಬರದ ಬೇಸಿಗೆಯಲ್ಲಿ ಕರ್ನಾಟಕ ಸರ್ಕಾರ ಊಟದ ಜೊತೆಗೆ ಆಟ–ಪಾಠ ಸೇರಿಸಿ 'ಬೇಸಿಗೆ ಸಂಭ್ರಮ' ನಡೆಸಿತು. ಈಚೆಗೆ ಗ್ರಾಮ ಪಂಚಾಯಿತಿಗಳ ಅರಿವು ಕೇಂದ್ರಗಳಲ್ಲಿ ಉಚಿತ ಬೇಸಿಗೆ ಶಿಬಿರಗಳು ನಡೆಯುತ್ತಿವೆ, ಸಂತೋಷ. ಬೋಳಾರ ಪಂಚಾಯಿತಿಯಲ್ಲ, ಮಹಾನಗರ ಪಾಲಿಕೆಯ ವಾರ್ಡು. ವರ್ಷಕ್ಕೆ ಮೂರೂವರೆ ಸಾವಿರ ಮಿಲಿಮೀಟರ್ ಮೀರಿ ಮಳೆ ಸುರಿಯುವ ಊರಿಗೆ ಬರ ಬಂತೆಂದು ಸಾರುವುದು ಅಪರೂಪ. ಧಕ್ಕೆಯಲ್ಲಿ ಮೀನು ಹೊರುವವರ, ಉತ್ತರ ಕರ್ನಾಟಕದಿಂದ ಕಟ್ಟಡ ಕೆಲಸಕ್ಕೆ ಬಂದವರ ಮಕ್ಕಳು ಏಪ್ರಿಲ್ ಎರಡನೇ ವಾರದಿಂದ ಮೇ ಮುಗಿಯುವ ತನಕ ಎರಡೂ ಪಟ್ಟಿಯಿಂದ ಹೊರಗೆ. ಅದೇ ಹೊತ್ತಿಗೆ ಸರ್ಕಾರಿ ಶಾಲೆಗಳಲ್ಲಿ ಅಂಗಳ, ನೀರು, ಬಿಸಿಯೂಟದ ಅಡುಗೆಮನೆ, ಪಾತ್ರೆಪಗಡ ಎಲ್ಲ ಬೀಗದೊಳಗೆ ಇರುತ್ತವೆ. ಕೆಲಸ ಹುಡುಕುವ ರಂಗಕರ್ಮಿಗಳಿದ್ದಾರೆ, ಶಾಲು ಹೊದೆಯಲು ಬರುವ ದಾನಿಗಳಿದ್ದಾರೆ. ಹಾಲ್ ಬಾಡಿಗೆ ಉಳಿದರೆ ಆ ದುಡ್ಡಿನಲ್ಲಿ ನಲವತ್ತು ಮಕ್ಕಳಿಗೆ ಹತ್ತು ದಿನ ಮಧ್ಯಾಹ್ನದ ಗಂಜಿ–ಚಟ್ನಿಯ ಖರ್ಚು ಬಹುಪಾಲು ಕಳೆಯುತ್ತದೆ. ಬೀಗದ ಕೈ ಯಾರಲ್ಲಿ ಕೇಳಬೇಕೆಂದು ಮಾರ್ಚಿನಲ್ಲೇ ತೀರ್ಮಾನವಾಗಬೇಕು.