ಎಣ್ಣೆಗೆ ಒಗ್ಗದ ಗ್ಯಾಸು

ಶ್ರವಣಬೆಳಗೊಳದಲ್ಲಿ ವಿಂಧ್ಯಗಿರಿ ಹತ್ತಿ ಇಳಿಯುವಷ್ಟರಲ್ಲಿ ಬಿಸಿಲಿಗೆ ನಿಂತ ಕಾರು ಕಾದ ಕಾವಲಿಯಾಗಿರುತ್ತದೆ. ಎಸಿ ಹಾಕಿದರೆ ಬರೀ ಬಿಸಿಗಾಳಿ. ಚನ್ನರಾಯಪಟ್ಟಣದ ಗ್ಯಾರೇಜಿಗೆ ಹೋದ ಪ್ರವಾಸಿ ಕಾರಿನ ಚಾಲಕ, ಬಾನೆಟ್ ತೆಗೆಯುವ ಮೊದಲೇ ಹೇಳುತ್ತಾನೆ: "ಅಣ್ಣ, ಗ್ಯಾಸ್ ಖಾಲಿ ಆಗೈತೆ, ಹಾಕ್ಬುಡಿ." ಯಾವ ಗ್ಯಾಸು ಎಂಬ ಮಾತು ಅಲ್ಲಿ ಬರುವುದೇ ಅಪರೂಪ. ಕಂಪ್ರೆಸರಿನ ಆಯುಸ್ಸು ನಿಂತಿರುವುದು ಮಾತ್ರ ಆ ಪ್ರಶ್ನೆಯ ಮೇಲೆ.

ಹಿಂದಿನ ಕಾರುಗಳಲ್ಲಿದ್ದದ್ದು ಆರ್-12. ಅದು ಓಜೋನ್ ಪದರವನ್ನು ಸವೆಸುತ್ತದೆ ಎಂಬ ಕಾರಣಕ್ಕೆ 1987ರ ಮಾಂಟ್ರಿಯಲ್ ಒಪ್ಪಂದ ಅದಕ್ಕೆ ಕಡಿವಾಣ ಹಾಕಿತು. ಆ ಜಾಗಕ್ಕೆ ಆರ್-134ಎ ಬಂತು. ತಂಪು ಮಾಡುವುದರಲ್ಲಿ ಎರಡೂ ಹೆಚ್ಚುಕಡಿಮೆ ಒಂದೇ. ಒಂದು ಮೈನಸ್ 30 ಡಿಗ್ರಿಯ ಆಸುಪಾಸಿನಲ್ಲಿ ಕುದಿದರೆ, ಇನ್ನೊಂದು ಮೈನಸ್ 26ರಲ್ಲಿ. ತಕರಾರು ಇರುವುದು ಎಣ್ಣೆಯಲ್ಲಿ. ಕಾರಿನ ಕಂಪ್ರೆಸರಿಗೆ ಬೇಕಾದ ಎಣ್ಣೆ ಗ್ಯಾಸಿನ ಜೊತೆಯಲ್ಲೇ ಕೊಳವೆಗಳನ್ನೆಲ್ಲ ಸುತ್ತಿ ವಾಪಸು ಬರಬೇಕು. ಆರ್-12 ಖನಿಜ ಎಣ್ಣೆಯನ್ನು ಕರಗಿಸಿಕೊಂಡು ಹೊತ್ತು ತರುತ್ತಿತ್ತು. ಆರ್-134ಎಯಲ್ಲಿ ಆ ಎಣ್ಣೆ ಕರಗುವುದಿಲ್ಲ. ಹೋದದ್ದು ಕೂಲಿಂಗ್ ಕಾಯಿಲಿನಲ್ಲೇ ತಂಗುತ್ತದೆ, ಇತ್ತ ಕಂಪ್ರೆಸರ್ ಒಣಗಿ ಜಾಮ್ ಆಗುತ್ತದೆ. ಅದಕ್ಕೇ ಪಿಎಜಿ ಎಂಬ ಬೇರೆ ಎಣ್ಣೆ. ಅದಕ್ಕೂ ಒಂದು ಚಾಳಿಯಿದೆ, ಗಾಳಿಯ ತೇವವನ್ನು ಹೀರುತ್ತದೆ. ಮುಚ್ಚಳ ತೆರೆದಿಟ್ಟ ಡಬ್ಬಿಯ ಎಣ್ಣೆಯನ್ನು ಯಾರೂ ಹಾಕಿಸಿಕೊಳ್ಳಬಾರದು.

ಹೈಬ್ರಿಡ್ ಮತ್ತು ವಿದ್ಯುತ್ ಕಾರುಗಳಲ್ಲಿ ವಿಷಯ ಇನ್ನೂ ಸೂಕ್ಷ್ಮ. ಅವುಗಳ ಕಂಪ್ರೆಸರಿನೊಳಗೆ ಮೋಟಾರಿನ ಸುರುಳಿಯೂ ಅದೇ ಎಣ್ಣೆಯಲ್ಲಿ ನೆನೆಯುತ್ತದೆ. ಪಿಎಜಿ ವಿದ್ಯುತ್ತಿಗೆ ದಾರಿ ಕೊಡುವುದರಿಂದ ಅಲ್ಲಿ ಬಹುಮಟ್ಟಿಗೆ ಪಿಒಇ ಎಣ್ಣೆಯೇ ಬೇಕು. ಗ್ಯಾಸು ಒಂದೇ ಆದರೂ ಎಣ್ಣೆ ಬೇರೆ!

ಮನೆಯ ಹಳೇ ಎಸಿಯ ಆರ್-22 ಕಾರಿಗೆ ಬೇಡವೇ ಬೇಡ: 40 ಡಿಗ್ರಿಯಲ್ಲಿ ಆರ್-134ಎ ಒತ್ತಡ ಸುಮಾರು 10 ಬಾರ್ ಇದ್ದರೆ ಇದರದ್ದು 15. ಪ್ರೊಪೇನ್, ಬ್ಯುಟೇನ್ ಚೆನ್ನಾಗಿಯೇ ತಂಪು ಮಾಡುತ್ತವೆ, ಆದರೆ ಕೂಲಿಂಗ್ ಕಾಯಿಲ್ ಇರುವುದು ಡ್ಯಾಶ್‌ಬೋರ್ಡಿನ ಹಿಂದೆ. ಸೋರಿದರೆ ಉರಿಯುವ ಅನಿಲ ಮಕ್ಕಳು ಕೂತ ಕಡೆಗೇ ಬರುತ್ತದೆ. ಯುರೋಪಿನ ಹೊಸ ಕಾರುಗಳಿಗೆ 2017ರಿಂದ ಆರ್-134ಎ ಸಲ್ಲದು. ಭೂಮಿಯನ್ನು ಬಿಸಿಮಾಡುವುದರಲ್ಲಿ ಅದು ಇಂಗಾಲದ ಡೈಆಕ್ಸೈಡಿಗಿಂತ ಸಾವಿರಕ್ಕೂ ಹೆಚ್ಚು ಪಟ್ಟು ಬಲಶಾಲಿ. ಬದಲಿಗೆ ಬಂದ ಆರ್-1234ವೈಎಫ್‌ನ ಸರ್ವಿಸ್ ಬಾಯಿಯ ಆಕಾರವೇ ಬೇರೆ, ತಪ್ಪು ಪೈಪು ಕೂರಬಾರದೆಂದು.

ಇನ್ನು, ಗ್ಯಾಸು ಪೆಟ್ರೋಲಿನ ಹಾಗೆ ಉರಿದು ತೀರುವುದಿಲ್ಲ. ಕಡಿಮೆಯಾಗಿದ್ದರೆ ಸೋರಿದೆ ಎಂದೇ ಅರ್ಥ. ಮೊದಲು ಸೋರಿಕೆ ಹುಡುಕಿಸಿ, ವ್ಯಾಕ್ಯೂಮ್ ಪಂಪಿನಿಂದ ಗಾಳಿ, ತೇವ ತೆಗೆಸಿ. ಆಮೇಲೆ ಬಾನೆಟ್ ಕೆಳಗಿನ ಚೀಟಿಯಲ್ಲಿರುವ ಗ್ಯಾಸನ್ನೇ, ಅಲ್ಲಿ ಬರೆದಷ್ಟೇ ಗ್ರಾಂ ತೂಗಿ ಹಾಕಿಸಿ.