ಯಾಕೆ ನೀಲಿ? ‘ಜೈ ಭೀಮ್ ಕಾಮ್ರೇಡ್’ ಬಗ್ಗೆ

‘ಜೈ ಭೀಮ್’ ಅನ್ನೋದು ಅಂಬೇಡ್ಕರ್ ಅನುಯಾಯಿಗಳ ನಮಸ್ಕಾರ. ‘ಕಾಮ್ರೇಡ್’ ಅನ್ನೋದು ಕಮ್ಯುನಿಸ್ಟರು ಒಬ್ಬರನ್ನೊಬ್ಬರು ಕರೆಯೋ ಮಾತು. ಆನಂದ್ ಪಟವರ್ಧನ್ ತಮ್ಮ ಸಾಕ್ಷ್ಯಚಿತ್ರದ ಹೆಸರಲ್ಲಿ ಈ ಎರಡನ್ನೂ ಜೋಡಿಸಿದ್ದಾರೆ. ಅದರ ಹಿಂದೆ ಒಬ್ಬ ಹಾಡುಗಾರನ ಕಥೆ ಇದೆ.

1997ರ ಜುಲೈ 11. ಮುಂಬೈನ ಘಾಟ್ಕೋಪರ್‌ನಲ್ಲಿರುವ ರಮಾಬಾಯಿ ನಗರದ ಅಂಬೇಡ್ಕರ್ ಪ್ರತಿಮೆಗೆ ಯಾರೋ ಚಪ್ಪಲಿ ಹಾರ ಹಾಕಿದ್ದರು. ಜನ ರಸ್ತೆಗಿಳಿದರು. ಪೊಲೀಸರು ಗುಂಡು ಹಾರಿಸಿದರು, 10 ಜನ ಸತ್ತರು. ಅದಾದ ಕೆಲವೇ ದಿನಗಳಲ್ಲಿ ದಲಿತ ಕವಿ, ಗಾಯಕ ವಿಲಾಸ್ ಘೋಗ್ರೆ ಆತ್ಮಹತ್ಯೆ ಮಾಡಿಕೊಂಡರು. ಪಟವರ್ಧನ್‌ಗೆ ಅವರು ಹೊಸಬರಲ್ಲ. 1985ರ ‘ಬಾಂಬೆ ಅವರ್ ಸಿಟಿ’ ಚಿತ್ರದಲ್ಲಿ ಅವರ ಹಾಡಿತ್ತು. ವರ್ಷಗಟ್ಟಲೆ ಎಡಪಂಥದ ವೇದಿಕೆಗಳಲ್ಲಿ ಹಾಡಿದ್ದ ಆ ಮನುಷ್ಯ ಕೊನೆಯ ದಿನ ತಲೆಗೆ ಕಟ್ಟಿಕೊಂಡಿದ್ದು ಕೆಂಪು ಬಟ್ಟೆ ಅಲ್ಲ, ಅಂಬೇಡ್ಕರ್ ಚಳವಳಿಯ ನೀಲಿ ಬಟ್ಟೆ.

ಯಾಕೆ ನೀಲಿ? ಈ ಪ್ರಶ್ನೆ ಇಟ್ಟುಕೊಂಡು ಪಟವರ್ಧನ್ 14 ವರ್ಷ ಶೂಟ್ ಮಾಡಿದರು. ಸಿನಿಮಾ ಬಂದಿದ್ದು 2011ರಲ್ಲಿ.

ಎಂಜಿನಿಯರಿಂಗ್ ಓದೋ ನಮಗೆ ಥಟ್ಟನೆ ಹಿಡಿಸೋ ಭಾಗ ಒಂದಿದೆ. ಜನ ಗ್ಯಾಸ್ ಟ್ಯಾಂಕರ್‌ಗೆ ಬೆಂಕಿ ಹಚ್ಚೋಕೆ ಹೊರಟಿದ್ರು, ಅದಕ್ಕೇ ಗುಂಡು ಹಾರಿಸಬೇಕಾಯ್ತು ಅಂತ ಪೊಲೀಸರು ಹೇಳಿದ್ದರು. ಸಾಕ್ಷಿಗೆ ವಿಡಿಯೊ ಕೂಡ ಇತ್ತು. ಚಿತ್ರ ಆ ವಿಡಿಯೊವನ್ನೇ ಕೈಗೆತ್ತಿಕೊಂಡು, ಟ್ಯಾಂಕರ್ ಎಲ್ಲಿತ್ತು, ಜನ ಸತ್ತಿದ್ದು ಎಲ್ಲಿ ಅಂತ ಪರಿಶೀಲಿಸುತ್ತೆ. ಎರಡೂ ಒಂದೇ ಜಾಗದಲ್ಲಿ ಇರಲೇ ಇಲ್ಲ! ಹಿನ್ನೆಲೆ ಸಂಗೀತ ಹಾಕಿ ಅಳಿಸೋದಕ್ಕಿಂತ ಇದು ಎಷ್ಟೋ ಗಟ್ಟಿ ಕೆಲಸ. ಗುಂಡು ಹಾರಿಸಲು ಆದೇಶ ಕೊಟ್ಟ ಅಧಿಕಾರಿಗೆ ಕೋರ್ಟು ಜೀವಾವಧಿ ಶಿಕ್ಷೆ ಕೊಟ್ಟಿದ್ದು 2009ರಲ್ಲಿ, ಅಂದ್ರೆ 12 ವರ್ಷ ಆದ್ಮೇಲೆ. ಅವರಿಗೆ ಬೇಗನೇ ಜಾಮೀನೂ ಸಿಕ್ಕಿತು.

ಕ್ಯಾಮೆರಾ ಮುಂಬೈನ ಕಸ ಎತ್ತುವವರ ಹತ್ತಿರವೂ ಹೋಗುತ್ತೆ. ಡಿಸೆಂಬರ್ 6ರಂದು ಅಂಬೇಡ್ಕರ್‌ಗೆ ನಮಿಸಲು ಬರೋ ಲಕ್ಷಾಂತರ ಜನರಿಂದ ಊರು ಗಲೀಜಾಗುತ್ತೆ ಅಂತ ಗೊಣಗೋ ಶಿವಾಜಿ ಪಾರ್ಕ್ ಕಡೆಯವರ ಮಾತೂ ಇದೆ. ಪಟವರ್ಧನ್ ಬೈಯಲ್ಲ, ಸುಮ್ಮನೆ ಇನ್ನೊಂದು ಪ್ರಶ್ನೆ ಕೇಳ್ತಾರೆ.

ನಮ್ಮಲ್ಲಿ ಜಾತಿಯ ಮಾತು ಬರೋದು ಹೆಚ್ಚಾಗಿ ಒಂದೇ ಸಲ: ಸಿಇಟಿ ರ‍್ಯಾಂಕ್ ಹೇಳಿದ ಕೂಡಲೇ “ಯಾವ ಕೆಟಗರಿ?” ಅಂತ ಕೇಳ್ತೀವಿ. ಉತ್ತರ ಬಂದ ಮೇಲೆ ಮುಖದಲ್ಲಿ ಆಗೋ ಸಣ್ಣ ಬದಲಾವಣೆ ಕೇಳಿದವರಿಗೆ ಗೊತ್ತಾಗಲ್ಲ, ಹೇಳಿದವರಿಗೆ ಗೊತ್ತಾಗುತ್ತೆ. ಕೆಟಗರಿ ಅನ್ನೋದು ಫಾರ್ಮ್‌ನ ಒಂದು ಕಾಲಂ ಅಷ್ಟೇ ಅಂದುಕೊಂಡವರು ಈ ಚಿತ್ರದ ಹಾಡುಗಳನ್ನಾದರೂ ಕೇಳಬೇಕು. ಗಲ್ಲಿ ಗಲ್ಲಿಯಲ್ಲಿ ಡೋಲಕ್ ಹಿಡಿದು, ನಗಿಸುತ್ತಾ, ಕೆಣಕುತ್ತಾ ಹಾಡುವವರಿಗೆ ಜಾತಿ ಬರೀ ನೋವಲ್ಲ. ಹೆಮ್ಮೆ, ತಮಾಷೆ, ಜಗಳ ಎಲ್ಲಾ ಇದೆ.

ಘೋಗ್ರೆ ಯಾಕೆ ನೀಲಿ ಕಟ್ಟಿಕೊಂಡರು ಅನ್ನೋದಕ್ಕೆ ಚಿತ್ರ ಒಂದೇ ಸಾಲಿನ ಉತ್ತರ ಕೊಡಲ್ಲ. ಅದು ನಮಗೆ ಸರಿ ಅನ್ನಿಸಿತು.

ಮುಂಬೈನಲ್ಲಿ ಇದನ್ನು ದಲಿತರ ಬಡಾವಣೆಗಳಲ್ಲೂ ಬಯಲಲ್ಲಿ ಪರದೆ ಕಟ್ಟಿ ತೋರಿಸಿದ್ದರು. ಮಾತು ಮರಾಠಿ, ಹಿಂದಿ. ಇಂಗ್ಲಿಷ್ ಸಬ್‌ಟೈಟಲ್ ಇದೆ. ಹತ್ತಿರ ಹತ್ತಿರ ಮೂರು ಗಂಟೆ ಬೇಕು, ಇಂಟರ್ನಲ್ಸ್ ಮುಗಿಸಿಕೊಂಡು ಕೂತ್ಕೊಳ್ಳಿ.