ಜಕರಂಡದ ಕೆಳಗೂ ಟೋಪಿ ಬೇಕಾ?

ಮಕ್ಕಳೇ, ಅಕ್ಟೋಬರ್ ಬಂತೆಂದರೆ ನಮ್ಮ ನೈರೋಬಿಯ ಎಷ್ಟೋ ರಸ್ತೆಗಳು ನೇರಳೆ ಬಣ್ಣಕ್ಕೆ ತಿರುಗುತ್ತವೆ, ಅಲ್ವಾ? ಅದು ಜಕರಂಡ. ಅದರ ತವರು ದಕ್ಷಿಣ ಅಮೆರಿಕ. ಚಂದಕ್ಕೆಂದು ತಂದು ನೆಟ್ಟ ಮರ ಅದು. ಬೆಂಗಳೂರಿನಲ್ಲೂ ಇದೆ, ಅಲ್ಲಿ ಫೆಬ್ರವರಿ, ಮಾರ್ಚ್‌ನಲ್ಲಿ ಹೂ ಬಿಡುತ್ತದೆ. ಈ ಸಲ ಮರದ ಕೆಳಗೆ ನಿಂತು ತಲೆ ಎತ್ತಿ ನೋಡಿ. ಹೂ ತುಂಬ, ಎಲೆ ಕಡಿಮೆ. ಹಾಗಾಗಿ ನೆರಳೂ ತೆಳು.

ಅದೇ ತಿಂಗಳಲ್ಲಿ ಮಧ್ಯಾಹ್ನದ ಸೂರ್ಯ ಹೆಚ್ಚುಕಡಿಮೆ ನಮ್ಮ ನೆತ್ತಿಯ ಮೇಲೇ ಇರುತ್ತಾನೆ. ನಾವಿರುವುದು ಭೂಮಧ್ಯರೇಖೆಯ ಹತ್ತಿರ, ಸುಮಾರು 1,800 ಮೀಟರ್ ಎತ್ತರದಲ್ಲಿ. 1,000 ಮೀಟರ್ ಮೇಲೇರಿದರೆ ಅತಿನೇರಳೆ ಕಿರಣಗಳು ಸುಮಾರು 10% ಹೆಚ್ಚುತ್ತವೆ. ಗಾಳಿ ತಣ್ಣಗಿರುವುದರಿಂದ ಚರ್ಮ ಸುಡುತ್ತಿರೋದು ಗೊತ್ತೇ ಆಗಲ್ಲ. ಕಂದು ಚರ್ಮದ ಮೆಲನಿನ್ ಒಂದಷ್ಟು ಕಾಪಾಡುತ್ತದೆ, ಪೂರ್ತಿ ಅಲ್ಲ.

ಕೊರಿಯನ್ ಧಾರಾವಾಹಿ ನೋಡಿ ‘ಗ್ಲಾಸ್ ಸ್ಕಿನ್’ ಬೇಕು ಅಂತ ಹತ್ತು ಬಾಟಲಿ ಕೇಳುವ ಅಕ್ಕಂದಿರೇ, ಅವರ ಪದ್ಧತಿಯಲ್ಲಿ ಪ್ರತಿದಿನ ಬೆಳಗ್ಗೆ ಕೊನೆಗೆ ಹಚ್ಚುವುದು ಸನ್‌ಸ್ಕ್ರೀನ್. ಅದನ್ನು ಮೊದಲು ಕಲಿಯಿರಿ. ಮುಖ ತೊಳೆದು, ಒಣಗದ ಹಾಗೆ ಸ್ವಲ್ಪ ಕ್ರೀಮ್, ಅದರ ಮೇಲೆ ಎಸ್‌ಪಿಎಫ್ 30 ಸನ್‌ಸ್ಕ್ರೀನ್, ತಲೆಗೆ ಟೋಪಿ. ಇಷ್ಟು ಸಾಕು.

ಅಪ್ಪ-ಅಮ್ಮಂದಿರಿಗೂ ಒಂದು ಮಾತು. ಬೆಳ್ಳಗೆ ಮಾಡುತ್ತೇವೆ ಎನ್ನುವ ಕೆಲವು ಕ್ರೀಮುಗಳಲ್ಲಿ ಪಾದರಸ ಇರುತ್ತದೆ. ಅದರಿಂದ ಮೂತ್ರಪಿಂಡಕ್ಕೆ ಹಾನಿ. “ಬಿಸಿಲಿಗೆ ಹೋಗ್ಬೇಡ, ಕಪ್ಪಾಗ್ತೀಯ” ಅನ್ನೋ ಬದಲು “ಟೋಪಿ ಹಾಕ್ಕೊಂಡು ಹೋಗು ಕಂದ” ಅನ್ನಿ.